ದೊನ್ಕಾಳಿಗಾಗಿ ಅಮ್ಮ ಅತ್ತ ಹಾಡು

ಪ್ರಿಲೆಪ್
ಜೂನ್ ೮, ೧೯೯೪, ಬುಧವಾರ

ತಮ್ಮಾ ನೌಮ್,

ಹೊಟ್ಟೆಹುಣ್ಣು ಹೇಗಿದೆ? ಸಿಗರೇಟು ಬಿಟ್ಟೆಯೋ, ಇನ್ನೂ ನಾಳೆ ನಾಳೆ ಅಂತಿದ್ದೀಯೋ? ಹೊಗೆಸೊಪ್ಪು ಬೆಳೆಯೋ ನಾನು ಸೇದಲ್ಲ, ಒಂದು ಸಸೀನೂ ನೆಡದ ನೀನು ಸುಟ್ಟು ಮುಗಿಸಿದೆ. ಇಲ್ಲಿ ನನ್ನ ಸೊಂಟ ಬಿದ್ದುಹೋಗಿದೆ. ಕಳೆ ಅರ್ಧ ಹೊಲ ಉಳಿದಿದೆ, ನಿನ್ನ ಅತ್ತಿಗೆ ಮೆನ್ಕಾ ಒಬ್ಬಳೇ ತೆಗೀತಿದ್ದಾಳೆ. ನಾಲ್ಕನೇ ಕ್ಲಾಸಿಗೆ ಶಾಲೆ ಬಿಟ್ಟವನು ನಾನು, ತಪ್ಪಿದ್ದರೆ ತಿದ್ದಿಕೊಂಡು ಓದು.

ವಿಷಯ ಇಷ್ಟು. ಮುಂದಿನ ವಾರ ಸತ್ತವರ ಶನಿವಾರ. ಅಮ್ಮ ದೊನ್ಕಾ ಅಕ್ಕನ ಗೋರಿ ಮುಂದೆ ಕೂತು ಅಳಬೇಕು ಅಂತಾಳೆ. ಎಂಬತ್ತೊಂಬತ್ತು ವರ್ಷ, ಹಾಡು ಮರೆತಿದ್ದಾಳೆ. ಎರಡು ಸಾಲು ಬರುತ್ತೆ, ಆಮೇಲೆ ನಮ್ಮ ಮುಖ ನೋಡ್ತಾಳೆ. ಅವತ್ತು ಸತ್ತವರ ಹೆಸರಲ್ಲಿ ಗೋಧಿ ಬೇಯಿಸಿ ಹಂಚೋದು ಮೆನ್ಕಾಗೂ ಗೊತ್ತು. ಮಗಳಿಗೆ ತಾಯಿ ಅಳೋ ಹಾಡು ಇನ್ನೊಬ್ಬರಿಂದ ಆಗುತ್ತಾ?

ದೊನ್ಕಾಳನ್ನು ಮಣ್ಣು ಮಾಡಿದ ದಿನ ಅಮ್ಮ ಗೋರಿ ಮೇಲೆ ಬಿದ್ದು ಹಾಡಿ ಅಳುತ್ತಿದ್ದಳು. ನೀನು ಹಿಂದೆ ನಿಂತು ಬರೆದುಕೊಳ್ಳುತ್ತಿದ್ದೆ. ಎರಡು ವರ್ಷಕ್ಕೆ ಅದು ಸಿನಿಮಾ ಆಯಿತು. ನೀನು ಬರೆದ ಮೊದಲನೇದು, ಇಡೀ ಊರು ಹೋಗಿ ನೋಡಿತು. ಮಾರನೇ ವರ್ಷ ಅದೇ ಶನಿವಾರ ಅಮ್ಮ ಶುರು ಮಾಡಿದಳು, ಪಕ್ಕದ ಗೋರಿ ಹತ್ತಿರ ಕೂತಿದ್ದ ಸ್ತೋಯಾ ಕೇಳಿದಳು: “ಇದು ಸಿನಿಮಾದ್ದಲ್ವೇನಕ್ಕಾ? ಚೆನ್ನಾಗಿ ಬಾಯಿಪಾಠ ಮಾಡಿದೀಯ.” ಅಮ್ಮ ಬಾಯಿ ಮುಚ್ಚಿದಳು. ಇಪ್ಪತ್ತೈದು ವರ್ಷ ಆ ಹಾಡು ಮತ್ತೆ ಎತ್ತಲಿಲ್ಲ. ಅವತ್ತಿಂದ ನಾನೂ ನಿನಗೊಂದು ಕಾಗದ ಹಾಕಲಿಲ್ಲ.

ನೀನು ಇನ್ನೂ ಏಳು ಬರೆದೆ. ಎರಡಕ್ಕೆ ಬಹುಮಾನ ಬಂತು, ಎರಡನ್ನ ಸರ್ಕಾರದ ಸಮಿತಿಯವರು ಪೆಟ್ಟಿಗೇಲಿ ಹಾಕಿ ಬೀಗ ಜಡಿದರು. ಎಲ್ಲದರಲ್ಲೂ ಒಬ್ಬ ಸಿಡುಕ ಅಣ್ಣ ಇರ್ತಾನಂತೆ, ಇರಲಿ. ಈಗ ದೇಶವೇ ಬೇರೆಯಾಯಿತು, ಬರೆಸುವವರಿಲ್ಲ, ಸ್ಕೋಪ್ಯೆಯ ನಾಲ್ಕನೇ ಮಹಡೀಲಿ ಸುಮ್ಮನೆ ಕೂತಿರ್ತೀಯ ಅಂತ ನಿನ್ನ ಹೆಂಡತಿ ಫೋನಲ್ಲಿ ಹೇಳಿದಳು. ನಿನ್ನನ್ನು ಬೈದು ಬೈದು ನನಗೂ ಸಾಕಾಗಿದೆ.

ಸಿನಿಮಾದಲ್ಲಿ ನಾಲ್ಕೇ ಸಾಲು ಉಳಿದಿತ್ತು, ಮಿಕ್ಕಿದ್ದು ಕತ್ತರಿಸಿದರಂತೆ. ಪೂರ್ತಿ ಇರೋದು ನಿನ್ನ ಕಾಗದದಲ್ಲಿ ಮಾತ್ರ. ಹುಡುಕು. ಅಂಚೇಲಿ ಹಾಕಬೇಡ, ತಗೊಂಡು ಬಾ. ಗೋರಿ ಹತ್ತಿರ ಅವಳ ಕಿವಿಯಲ್ಲಿ ಒಂದೊಂದೇ ಸಾಲು ಹೇಳಿಕೊಡು, ಅವಳು ಅಳಲಿ. ಯಾರಾದರೂ ನಕ್ಕರೆ ನಾನು ನೋಡ್ಕೋತೀನಿ.

ನಿನ್ನ ಹೆಂಡತಿಗೆ ನಮ್ಮಿಬ್ಬರ ನೆನಪು ಹೇಳು. ದೇವರು ನಿನಗೆ ನಿದ್ದೆ ಕೊಡಲಿ.

ನಿನ್ನ ಅಣ್ಣ
ರಿಸ್ತೋ

ಹೇಳದೆ ಬಿಟ್ಟಿದ್ದು: ಅಮ್ಮ ನನ್ನನ್ನೇ ನೌಮ್ ಅಂತ ಕರೀತಾಳೆ. ಮೊದಲ ದಿನ ಅಲ್ಲ ಅಂದೆ, ಅತ್ತುಬಿಟ್ಟಳು. ಈಗ ಹೂಂ ಅಂತೀನಿ. “ಬರ್ಕೋ ಮಗಾ, ನಿಲ್ಲಿಸ್ಬೇಡ” ಅಂತಾಳೆ ದಿನಾ. ಅವಳಿಗೆ ನಿನ್ನ ಮೇಲೆ ಸಿಟ್ಟೇ ಇರಲಿಲ್ಲ ಕಣೋ. ಪೆನ್ಸಿಲ್ ಹಿಡಿದು ಪಕ್ಕದಲ್ಲಿ ಕೂತು ಗೀಟು ಎಳೀತಿರ್ತೀನಿ. ಆಗಾಗ ರಿಸ್ತೋ ಎಲ್ಲಿ ಅಂತ ಕೇಳ್ತಾಳೆ. ಹೊಲಕ್ಕೆ ಹೋಗಿದಾನೆ ಅಂತೀನಿ.