ಮಾಜಿ ಮಂತ್ರಿಯ ಮೂರನೆಯ ಪ್ರಶ್ನೆ

ಫೆಬ್ರವರಿ ೧೨, ಭಾನುವಾರ
ಅಂಗಡಿಯಿಂದ

ನನ್ನ ಮುದ್ದಿನ ಪುಟ್ಟಿಗೆ,

ನಿನ್ನ ಅಪ್ಪ ಇನ್ನೂ ಗಟ್ಟಿಯಾಗಿದ್ದಾನೆ, ಹೊತ್ತು ಹೊತ್ತಿಗೆ ಊಟ ಮಾಡುತ್ತಿದ್ದಾನೆ, ಅವನ ಮಂಡಿನೋವೂ ಅವನಷ್ಟೇ ಆರೋಗ್ಯವಾಗಿದೆ. ನೀವೆಲ್ಲ ಮಂಡಿನೋವು ಒಂದನ್ನು ಬಿಟ್ಟು ಹಾಗೆಯೇ ಇದ್ದೀರಿ ಎಂದುಕೊಂಡಿದ್ದೇನೆ. ಉತ್ತರ ತಡವಾಯಿತು, ಬೈಯಬೇಡ. ಬರೆಯಲು ಕೂತಾಗಲೆಲ್ಲ ಗಿರಾಕಿಗಳು ಬಂದರು ಎಂದು ಸುಳ್ಳು ಹೇಳಬಹುದಿತ್ತು. ಆದರೆ ಫೋಟೋಗೆ ಕಟ್ಟು ಹಾಕಿಸುವವರು ಈಗ ಎಷ್ಟು ಜನ ಉಳಿದಿದ್ದಾರೆ ಎನ್ನುವುದು ನಿನಗೂ ಗೊತ್ತು. ನಿನ್ನ ಪ್ರಶ್ನೆಗೆ ಏನು ಬರೆಯಬೇಕೆಂದು ತೋಚಲಿಲ್ಲ, ಅದೇ ನಿಜ.

"ಅಪ್ಪ, ನಿನಗೇನು ತಲೆ ಕೆಟ್ಟಿದೆಯಾ? ಅಮ್ಮ ಯಾವಾಗ ಮನೆಗೆ ಬರ್ತಾಳೆ ಅಂತ ನೀನು ಜೀವನವೆಲ್ಲ ಕಾದೆ. ಕೊನೆಗೂ ಬಂದ್ಲು. ಈಗ ನೀನೇ ಮತ್ತೆ ಚುನಾವಣೆಗೆ ನಿಲ್ಲು ಅಂತ ಕಳಿಸ್ತಿದ್ದೀಯಲ್ಲ" ಎಂದು ಬರೆದಿದ್ದೀಯ. ಅಕ್ಷರ ನೋಡಿದರೇ ಸಿಟ್ಟಿನಲ್ಲಿ ಬರೆದದ್ದು ಎಂದು ಗೊತ್ತಾಗುತ್ತದೆ. ಸಿಟ್ಟು ಮಾಡಿಕೊಳ್ಳುವುದರಲ್ಲಿ ನೀನು ನಿನ್ನ ಅಮ್ಮನ ಮಗಳೇ.

ಇದೆಲ್ಲ ಶುರುವಾದಾಗ ನೀನು ಇನ್ನೂ ತೊದಲು ಮಾತಾಡುತ್ತಿದ್ದೆ. ನಮ್ಮ ಅಂಗಡಿ ಮುಂದಿನ ಚರಂಡಿ ಕಟ್ಟಿಕೊಂಡು ನಾರುತ್ತಿತ್ತು. ನಾನು ಮೂಗು ಮುಚ್ಚಿಕೊಂಡು ಗಾಜು ಕತ್ತರಿಸುತ್ತಿದ್ದೆ. ನಿನ್ನಮ್ಮ ನಿನ್ನನ್ನು ಸೊಂಟದ ಮೇಲೆ ಕೂರಿಸಿಕೊಂಡು ಪುರಸಭೆಗೆ ಹೋದವಳು, ಎಂಜಿನಿಯರ್ ಹೊರಗೆ ಬರುವ ತನಕ ಮೆಟ್ಟಿಲು ಬಿಟ್ಟು ಏಳಲಿಲ್ಲ. ಚರಂಡಿ ಸರಿಯಾಯಿತು. ಪಕ್ಕದ ಬೀದಿಯ ಹೆಂಗಸರು "ನಮ್ಮದೂ ಒಂದು ಮಾತು ಕೇಳಿ ಬಾರಮ್ಮ" ಎಂದು ಬಂದರು. ಆಮೇಲೆ ಒಂದು ದಿನ ಪಕ್ಷದವರು ಅಂಗಡಿಗೆ ಬಂದು, "ನಿಮ್ಮ ಮನೆಯವರನ್ನ ವಾರ್ಡಿಗೆ ನಿಲ್ಲಿಸ್ತೀರಾ?" ಎಂದು ನನ್ನನ್ನು ಕೇಳಿದರು. "ನಿಲ್ಲಿಸೋಕೆ ಅವಳೇನು ಏಣಿನಾ? ಕೇಳೋದಿದ್ರೆ ಅವಳನ್ನೇ ಕೇಳಿ" ಎಂದೆ. ಕೇಳಿದರು. ನಿಂತಳು. ಗೆದ್ದಳು.

ಅಲ್ಲಿಂದ ಶಾಸಕಿ. ನಡುವೆ ಒಮ್ಮೆ ಸೋತು, ಕೋಣೆಯ ಬಾಗಿಲು ಹಾಕಿಕೊಂಡು ಅತ್ತು, ಮರುದಿನವೇ ಸೋತ ಬೂತುಗಳಿಗೆ ಹೋಗಿ ಮತ ಹಾಕದವರಿಗೂ ಕೈಮುಗಿದು ಬಂದಳು. ಕೊನೆಗೆ ಮಂತ್ರಿ. ಕುಡಿಯುವ ನೀರಿನ ಖಾತೆ. ಅವಳ ಪ್ರಮಾಣವಚನದ ಫೋಟೋಗೆ ಕಟ್ಟು ಹಾಕಿದವನು ನಾನೇ. ತೇಗದ ಪಟ್ಟಿ ಹಾಕಿ, ಮೂಲೆಗಳನ್ನು ಉಜ್ಜಿ ಉಜ್ಜಿ ಕೂದಲೆಳೆಯೂ ತೂರದ ಹಾಗೆ ಕೂಡಿಸಿದ್ದೆ. ಅದು ಅವಳ ಕಚೇರಿಗೆ ಹೋಯಿತು. ಅವಳೂ ಹೋದಳು. ನಾನು ಅಂಗಡಿಯಲ್ಲಿ ಉಳಿದೆ.

ಮೊದಲ ಸಲ ಅವಳ ಸರಕಾರಿ ಬಂಗಲೆಗೆ ಹೋದಾಗ ಏನಾಯಿತು ಎಂದು ನಿನಗೆ ಹೇಳಿದ್ದೇನೋ ಇಲ್ಲವೋ. ಗೇಟಿನ ಪೊಲೀಸಿನವನು "ಯಾರು ಬೇಕಿತ್ತು?" ಎಂದ. "ನನ್ನ ಹೆಂಡತಿ" ಎಂದೆ. "ಇಲ್ಲಿ ಕೆಲಸಕ್ಕಿದ್ದಾರಾ?" ಎಂದ. "ಹೌದಪ್ಪ, ದಿನವಿಡೀ ಕೆಲಸ" ಎಂದೆ. ಅವನು ಪಾಪ, ಅಡುಗೆಮನೆಯ ಹಿಂಬಾಗಿಲು ತೋರಿಸಿದ. ನಾನೂ ಸುಮ್ಮನೆ ಅಲ್ಲಿಂದಲೇ ಹೋದೆ. ನಿನ್ನಮ್ಮ ಹೊಟ್ಟೆ ಹಿಡಿದುಕೊಂಡು ನಕ್ಕಳು, ಅಷ್ಟರಲ್ಲಿ ಯಾರೋ ಕರೆದರು, ನಗುತ್ತಲೇ ಎದ್ದು ಹೋದಳು. ಆಮೇಲೆ ಅವಳು ಬರುವಷ್ಟರಲ್ಲಿ ನನ್ನ ಬಸ್ಸಿನ ಹೊತ್ತಾಗಿತ್ತು.

ಅಲ್ಲಿ ವರಾಂಡದಲ್ಲಿ ಕೂತು ಅವಳು ಜನರನ್ನು ಮಾತಾಡಿಸುವುದನ್ನು ನೋಡುತ್ತಿದ್ದೆ. ಬಂದವರ ಕೈಯಿಂದ ಅರ್ಜಿ ತೆಗೆದುಕೊಳ್ಳುತ್ತಿರಲಿಲ್ಲ. "ಕಾಗದ ಆಮೇಲೆ ಕೊಡಿ, ಮೊದಲು ಬಾಯಲ್ಲಿ ಹೇಳಿ" ಎನ್ನುತ್ತಿದ್ದಳು. ಎಲ್ಲರಿಗೂ ಅವೇ ಮೂರು ಪ್ರಶ್ನೆ. ಏನಾಗ್ಬೇಕಿತ್ತು? ಎಷ್ಟು ದಿನದಿಂದ? ಮನೇಲಿ ಯಾರ್ಯಾರಿದ್ದೀರಿ? ಅವಳ ಆಪ್ತ ಕಾರ್ಯದರ್ಶಿ ತಲೆ ಚಚ್ಚಿಕೊಳ್ಳುತ್ತಿದ್ದ. "ಮೇಡಂ, ಮೂರನೇದು ಯಾಕೆ ಬೇಕು? ಸಾಲು ಗೇಟು ದಾಟಿದೆ" ಎನ್ನುತ್ತಿದ್ದ. "ಅರ್ಜಿ ಬರೆಯೋನು ಬರೆಯದೆ ಬಿಟ್ಟ ಕಷ್ಟ ಎಲ್ಲ ಅದರಲ್ಲೇ ಹೊರಗೆ ಬರುತ್ತೆ ಕಣಪ್ಪ" ಎನ್ನುತ್ತಿದ್ದಳು. ನಿಜವೇ. ಮೊದಲೆರಡು ಪ್ರಶ್ನೆಗೆ ನೆಟ್ಟಗೆ ಉತ್ತರ ಕೊಟ್ಟವರು ಮೂರನೆಯದಕ್ಕೆ ಬಂದಾಗ ಸೆರಗು ಕಣ್ಣಿಗೆ ಒತ್ತಿಕೊಳ್ಳುತ್ತಿದ್ದರು. ಪೆನ್ನು ಹಿಡಿದು ಎಲ್ಲ ಬರೆದುಕೊಳ್ಳುತ್ತಿದ್ದಳು. ನನ್ನ ಹೆಂಡತಿ ಎಂದು ಹೆಮ್ಮೆಯಾಗುತ್ತಿತ್ತು ಪುಟ್ಟಿ. ಹೊಟ್ಟೆಕಿಚ್ಚೂ ಆಗುತ್ತಿತ್ತು.

ಕಳೆದ ವರ್ಷ ಸಂಪುಟ ಬದಲಾಯಿತು. ಮುಖ್ಯಮಂತ್ರಿಗಳು ಅವಳಿಗೆ ಒಂದು ಮಾತೂ ಹೇಳಲಿಲ್ಲ. ಬೆಳಗ್ಗೆ ನೀರಿನ ಟ್ಯಾಂಕ್ ಉದ್ಘಾಟನೆಗೆ ಹೊರಟಿದ್ದಳಂತೆ. ಡ್ರೈವರ್ ಬಂದು ತಲೆ ತಗ್ಗಿಸಿ, "ಮೇಡಂ, ಗಾಡಿ ವಾಪಸ್ ತರೋಕೆ ಹೇಳಿದ್ದಾರೆ" ಎಂದನಂತೆ. ಬಾಡಿಗೆ ಕಾರಿನಲ್ಲಿ ಮನೆಗೆ ಬಂದಳು, ಆ ಫೋಟೋವನ್ನು ಹಳೆ ಸೀರೆಯಲ್ಲಿ ಸುತ್ತಿ ತೊಡೆಯ ಮೇಲಿಟ್ಟುಕೊಂಡು. ನಾನು ಮೇಲ್ನೋಟಕ್ಕೆ ಮುಖ ಸಣ್ಣ ಮಾಡಿಕೊಂಡೆ. ಒಳಗೆ ಎಷ್ಟು ಖುಷಿಯಾಗಿತ್ತೆಂದರೆ ಅಂಗಡಿಗೆ ಓಡಿಹೋಗಿ ಗಾಜಿನ ಹಾಳೆಗಳ ಹಿಂದೆ ನಿಂತು ನಕ್ಕಿದ್ದೆ. ಇನ್ನು ಅವಳು ನನ್ನವಳು ಅಂದುಕೊಂಡೆ. ಸಂಜೆ ಒಟ್ಟಿಗೆ ನಡೆದು ಬರಬಹುದು, ಒಂದೇ ಪತ್ರಿಕೆಯನ್ನು ಹಂಚಿಕೊಂಡು ಓದಬಹುದು, ಟೀವಿಗೆ ಬೈಯಬಹುದು. ಅವಳಿಗೆಂದು ಹೊಸ ಚಪ್ಪಲಿಯನ್ನೂ ತಂದಿಟ್ಟೆ.

ಚಪ್ಪಲಿ ಇನ್ನೂ ಡಬ್ಬಿಯಲ್ಲೇ ಇದೆ. ಅವಳು ಬೆಳಗ್ಗೆ ಎದ್ದು ಸ್ನಾನ ಮಾಡಿ, ಇಸ್ತ್ರಿ ಸೀರೆ ಉಟ್ಟು, ಮುಂದಿನ ಕೋಣೆಯಲ್ಲಿ ಮೇಜಿನ ಹಿಂದೆ ಕೂರುತ್ತಾಳೆ. ಎದುರಿಗೆ ಕುರ್ಚಿಗಳನ್ನು ಸಾಲಾಗಿ ಹಾಕಿಸಿದ್ದಾಳೆ. ಮೊದಮೊದಲು ಕೆಲವರು ಬಂದರು. ಖಾತೆ ಇಲ್ಲದವಳು ಏನು ಮಾಡಿಕೊಟ್ಟಾಳು ಎಂದು ಬರುವುದು ನಿಂತಿತು. ಇವಳು ಮಾತ್ರ ಕೂರುತ್ತಾಳೆ. ಫೋನನ್ನು ಎತ್ತಿ, ಕಿವಿಗೆ ಹಿಡಿದು, ಸರಿಯಾಗಿದೆಯಾ ಎಂದು ನೋಡಿ ಇಡುತ್ತಾಳೆ. ನಾನು ಏನಾದರೂ ಹೇಳಿದರೆ ಬಾಗಿಲಿನ ಕಡೆ ನೋಡುತ್ತಲೇ "ಹೂಂ" ಎನ್ನುತ್ತಾಳೆ. ಒಮ್ಮೆ ಪರೀಕ್ಷೆ ಮಾಡೋಣ ಎಂದು, "ಅಂಗಡಿಗೆ ಆನೆ ಬಂದಿತ್ತು ಕಣೇ" ಎಂದೆ. ಅದಕ್ಕೂ "ಹೂಂ".

ಊಟ ಬಿಟ್ಟಳು. ಅನ್ನ ಕಲಸಿಟ್ಟುಕೊಂಡು ಹಾಗೇ ಕೂರುತ್ತಿದ್ದಳು. ನನಗೆ ಹೆದರಿಕೆಯಾಯಿತು. ಆ ಸಾಲನ್ನು ಇಷ್ಟು ವರ್ಷ ಶಪಿಸಿದವನು ನಾನೇ ಹೋಗಿ ಜನರನ್ನು ಸಾಲಿಗೆ ಕರೆದೆ. ಅಂಗಡಿ ಪಕ್ಕದ ಇಸ್ತ್ರಿಯವನಿಗೆ, "ಬಂದು ಏನಾದ್ರೂ ಒಂದು ತೊಂದರೆ ಹೇಳೋ ಮಾರಾಯ" ಎಂದೆ. "ನಂಗೇನ್ ತೊಂದ್ರೆ ಇಲ್ವಲ್ಲ ಸಾರ್" ಎಂದ. "ಇಲ್ದಿದ್ರೆ ಹುಟ್ಟಿಸ್ಕೋ" ಎಂದೆ.

ಬಂದ. ಬೀದಿದೀಪ ಉರೀತಿಲ್ಲ ಎಂದು ಸುಳ್ಳು ಹೇಳಿದ. ನಿನ್ನಮ್ಮ ಕನ್ನಡಕ ಹಾಕಿಕೊಂಡಳು, ಬೆನ್ನು ನೆಟ್ಟಗಾಯಿತು. ಆ ಮುಖ ನೀನು ನೋಡಬೇಕಿತ್ತು. ವಿದ್ಯುತ್ ಕಚೇರಿಗೆ ಫೋನ್ ಮಾಡಿ ಜಾಡಿಸಿದಳು, ಅವರು ಸಂಜೆಯೊಳಗೆ ಬಂದು ಚೆನ್ನಾಗಿದ್ದ ದೀಪ ತೆಗೆದು ಬೇರೆ ಹಾಕಿ ಹೋದರು. ಹೊಸದು ಮಿಣಮಿಣ ಎನ್ನುತ್ತಿದೆ. ಇಸ್ತ್ರಿಯವನು ಮಾತ್ರ ಹೊರಗೆ ಬಂದವನು ನನ್ನ ಮುಖ ನೋಡಲಿಲ್ಲ. "ಸುಳ್ಳು ಹೇಳೋಕೆ ಹೋಗಿ ನಿಜ ಹೇಳ್ಬಿಟ್ಟೆ ಸಾರ್. ಮನೇಲಿ ಯಾರಿದ್ದೀರಿ ಅಂದ್ರು. ನನ್ ತಮ್ಮ ಮನೆ ಬಿಟ್ಟು ಹೋಗಿದ್ದು ಬಾಯಿಗೆ ಬಂದ್ಬಿಡ್ತು" ಎಂದ. ಅವತ್ತು ನಿನ್ನಮ್ಮ ಎರಡು ಸಲ ಅನ್ನ ಹಾಕಿಸಿಕೊಂಡಳು.

ಎಷ್ಟು ದಿನ ಹೀಗೆ ಸುಳ್ಳು ಗಿರಾಕಿ ಹಿಡಿದು ತರಲಿ ಹೇಳು. ನಮ್ಮ ಬೀದಿಯ ತೊಂದರೆಗಳೆಲ್ಲ ಮುಗಿದುಹೋದವು. ಅಷ್ಟರಲ್ಲಿ ಪಕ್ಷದ ಅಧ್ಯಕ್ಷರ ಫೋನ್ ಬಂತು. ಈ ಸಲವೂ ಅವಳೇ ನಿಲ್ಲಬೇಕಂತೆ, ಗೆದ್ದರೆ ಖಾತೆ ಖಂಡಿತವಂತೆ. ನಿಲ್ಲಲಾ ಎಂದು ಕೇಳಿದಳು, ನಿಲ್ಲು ಎಂದೆ. ಅವಳಿಗೆ ಜನ ಬೇಕು ಪುಟ್ಟಿ. ನನ್ನ ತಲೆ ಕೆಟ್ಟಿಲ್ಲ. ನಾಳೆಯಿಂದ ಪ್ರಚಾರ, ಮನೆ ತುಂಬ ಕರಪತ್ರದ ಕಟ್ಟುಗಳು. ಈಗಾಗಲೇ ನನ್ನ ಮೇಲೆ ರೇಗಾಡುತ್ತಿದ್ದಾಳೆ, ಎಂದರೆ ಆರೋಗ್ಯವಾಗಿದ್ದಾಳೆ ಎಂದು ತಿಳಿ. ಅವಳಿಗೊಂದು ಫೋನ್ ಮಾಡು, ಜಗಳ ಮಾತ್ರ ಆಡಬೇಡ.

ನಿನ್ನ ಮನೆಯಲ್ಲಿ ಮಾತು ಎಂದೂ ಕಡಿಮೆಯಾಗದಿರಲಿ. ಇದ್ದಷ್ಟು ದಿನ ಒಬ್ಬರ ಮಾತನ್ನೊಬ್ಬರು ಕೇಳಿಸಿಕೊಳ್ಳಿ. ನನ್ನಲ್ಲಿರುವ ಆಶೀರ್ವಾದ ಇಷ್ಟೇ.

ನಿನ್ನ
ಅಪ್ಪ

ಮರೆತ ಮಾತು: ಮರೆತದ್ದೇನೂ ಅಲ್ಲ. ಲಕೋಟೆಗೆ ಅಂಟು ಹಚ್ಚಿದವನು ಮತ್ತೆ ಬಿಚ್ಚಿದೆ. ನಿನಗಲ್ಲದೆ ಯಾರಿಗೆ ಹೇಳಲಿ.

ಅಧ್ಯಕ್ಷರ ಫೋನ್ ಬಂದ ದಿನ ಬೆಳಗ್ಗೆ ಯಾರೂ ಬಂದಿರಲಿಲ್ಲ. ತಮಾಷೆ ಮಾಡೋಣ ಎನ್ನಿಸಿತು. ಹಿತ್ತಲಿನಿಂದ ಸುತ್ತಿಕೊಂಡು ಹೋಗಿ ಮುಂಬಾಗಿಲಲ್ಲಿ ಚಪ್ಪಲಿ ಬಿಟ್ಟು, "ನಮಸ್ಕಾರ ಮೇಡಂ" ಎಂದು ಅವಳ ಎದುರಿನ ಕುರ್ಚಿಯಲ್ಲಿ ಕೂತೆ. ಅವಳೂ ನಕ್ಕು ಕನ್ನಡಕ ಹಾಕಿಕೊಂಡಳು.

"ಹೇಳಿ, ಏನಾಗ್ಬೇಕಿತ್ತು?"

"ಬಚ್ಚಲುಮನೆ ಚಿಲಕ ಕೂರಲ್ಲ ಮೇಡಂ."

"ಎಷ್ಟು ದಿನದಿಂದ?"

"ತಾವು ಮೊದಲ ಸಲ ಗೆದ್ದಾಗಿನಿಂದ."

ಇಬ್ಬರೂ ನಕ್ಕೆವು. ಅವಳು ಬರೆದುಕೊಂಡಳು. ನನ್ನ ಮುಖವನ್ನೇ ನೋಡುತ್ತಿದ್ದಳು. ಬಾಗಿಲು ನೋಡಲಿಲ್ಲ, ಫೋನ್ ನೋಡಲಿಲ್ಲ. ಜನ ಯಾಕೆ ಅಷ್ಟು ದೂರದಿಂದ ಇವಳ ಹತ್ತಿರ ಬರುತ್ತಿದ್ದರು ಎಂದು ನನಗೆ ಅರ್ಥವಾದದ್ದು ಆಗಲೇ. ಅವಳು ನನ್ನನ್ನು ಹಾಗೆ ನೋಡಿ ಎಷ್ಟು ಕಾಲವಾಗಿತ್ತೋ. ಆಮೇಲೆ ರೂಢಿಯಲ್ಲಿ ಕೇಳಿಬಿಟ್ಟಳು.

"ಮನೇಲಿ ಯಾರ್ಯಾರಿದ್ದೀರಿ?"

ನಗೆಯ ಉತ್ತರ ನಾಲಿಗೆ ತುದಿಯಲ್ಲೇ ಇತ್ತು. ಬಂದದ್ದು ಬೇರೆ. "ನಾನೊಬ್ಬನೇ" ಎಂದೆ.

ಅವಳ ಕೈ ಅದನ್ನೂ ಬರೆಯಿತು. ಬರೆದ ಮೇಲೆ ಓದಿದಳು. ಪೆನ್ನು ಹಾಗೇ ನಿಂತಿತು. ಏನಾದರೂ ಹೇಳಿ ಅವಳನ್ನು ನಗಿಸಬೇಕು ಎಂದು ಒದ್ದಾಡಿದೆ. ಆಗಲೇ ಫೋನ್ ಬಡಿದುಕೊಂಡದ್ದು. ಇಷ್ಟು ದಿನ ಅದಕ್ಕಾಗಿಯೇ ಕಾದವಳು ಎತ್ತಲಿಲ್ಲ ಪುಟ್ಟಿ. ನನ್ನನ್ನೇ ನೋಡುತ್ತಾ ಕೂತಳು. ನಾನು ಬೇಡ ಎಂದಿದ್ದರೆ ಎತ್ತುತ್ತಲೂ ಇರಲಿಲ್ಲ, ನನಗೆ ಗೊತ್ತು. ಪಾಪ ಎಂದು ನನ್ನ ಜೊತೆ ಉಳಿದುಬಿಡುತ್ತಿದ್ದಳು.

ಅವಳು ಊರಲ್ಲಿಲ್ಲದಾಗ ಒಬ್ಬನೇ ಇರುವುದು ನನಗೆ ಬರುತ್ತದೆ. ಜೀವನವೆಲ್ಲ ಕಲಿತದ್ದು ಅದನ್ನೇ. ಅವಳು ಎದುರಿಗೇ ಕೂತಿರುವಾಗ ಒಬ್ಬನೇ ಇರುವುದು ನನ್ನ ಕೈಲಿ ಆಗಲಿಲ್ಲ.

"ಎತ್ತು, ಜನ ಕಾಯ್ತಿದ್ದಾರೆ" ಎಂದು ಹೇಳಿ, ಇನ್ನೊಬ್ಬರಿಗೆ ಜಾಗ ಬಿಡುವವನ ಹಾಗೆ ಕುರ್ಚಿಯಿಂದ ಎದ್ದು ಬಂದೆ.