ಅತ್ತಿಗೆಯ ದಿಂಬು

ಮಾರ್ಚ್ ೧೪, ಗುರುವಾರ ರಾತ್ರಿ

ಅಕ್ಕನನ್ನು ಮನೆಯೊಳಗೆ ಬಚ್ಚಿಟ್ಟಿರುವುದು ಅನ್ಯಾಯ. ಅಣ್ಣ-ಅತ್ತಿಗೆಯ ಮಗುವನ್ನು ಬಾಡಿಗೆ ತಾಯಿಯಾಗಿ ಹೊತ್ತಿರುವುದು ಅವಳು. ಹೊಟ್ಟೆಗೆ ದಿಂಬು ಕಟ್ಟಿಕೊಂಡು ಶಾಲೆಗೆ ಪಾಠ ಮಾಡಲು ಹೋಗುವವರು ಅತ್ತಿಗೆ. ಬಸ್ಸಿನಲ್ಲಿ ಜನ ಎದ್ದು ಸೀಟು ಬಿಡುವುದು ದಿಂಬಿಗೆ! ಏಳು ತಿಂಗಳ ಬಸುರಿ ಅಕ್ಕ ಪರದೆಯ ಸಂದಿಯಿಂದ ಬೀದಿ ನೋಡುತ್ತಾಳೆ. "ಹೊರೋದು ನನ್ನಿಷ್ಟ, ಅದಕ್ಕೆ ನೀನು ಬಾಯಿ ಹಾಕ್ಬೇಡ. ಆದ್ರೆ ಒಂದ್ಸಲ ಹೊರಗೆ ನಡೀಬೇಕು ಕಣೇ," ಅಂದಳು ನಿನ್ನೆ. ಇಷ್ಟು ದಿನಕ್ಕೆ ಅವಳು ಕೇಳಿದ್ದು ಅದೊಂದೇ.

ಸಂಜೆ ಅತ್ತಿಗೆ ಬರುತ್ತಲೇ ಬಾಗಿಲಲ್ಲಿ ತಡೆದು, "ದುಡಿಯುವವರನ್ನು ಮರೆಮಾಚುವುದೇ ಮೊದಲ ಕಳ್ಳತನ," ಎಂದು ನಮ್ಮ ಮಹಿಳಾ ಸಂಘದ ಕರಪತ್ರದ ಸಾಲನ್ನೇ ಒಪ್ಪಿಸಿದೆ.

"ಭಾಷಣ ಆಮೇಲೆ ಮಾಡು ತಾಯೀ. ಮೊದ್ಲು ಹಿಂದಿನ ಗಂಟು ಬಿಚ್ಚು, ಬೆವರಿ ಸಾಯ್ತಿದೀನಿ."

ಬಿಚ್ಚಿದೆ. ದಾರ ಒತ್ತಿದ ಕಡೆಯೆಲ್ಲ ಚರ್ಮ ಕೆಂಪಗೆ ಕಂದಿತ್ತು. ನನ್ನ ಸಿಟ್ಟು ಅರ್ಧ ಅಲ್ಲೇ ಇಳಿಯಿತು.

"ಮದುವೆಯಾದಾಗಿನಿಂದ ಜನ ನನ್ನ ಮುಖ ನೋಡಿಲ್ಲ, ಹೊಟ್ಟೇನೇ ನೋಡಿದ್ದು. ಆ ಬಾಯಿಗಳಿಗೆ ಹೆದರಿ ಇದನ್ನ ಕಟ್ಕೊಂಡೆ. ಅವಳಿಗೆ ಉಸಿರು ಕಟ್ಟುತ್ತೆ ಅಂತ ಹೊಳೀಲೇ ಇಲ್ಲ."

ಒಳಗಿನಿಂದ ಅಕ್ಕ ಕೂಗಿದಳು: "ಅತ್ತಿಗೆ, ನಿಮ್ಮದು ಯಾಕೋ ಬೆಳೀತಾನೇ ಇಲ್ಲ. ಇನ್ನೊಂಚೂರು ಹತ್ತಿ ತುಂಬಿ!"

ಮೂವರೂ ಬಿದ್ದು ಬಿದ್ದು ನಕ್ಕೆವು. ಬಾಡಿಗೆ ತಾಯ್ತನದ ಬಗ್ಗೆ ನಾನು ಓದಿದ ಯಾವ ಕರಪತ್ರದಲ್ಲೂ ಇಂಥ ನಗು ಇಲ್ಲ. ಯಾಕಿಲ್ಲ?

ನಾಳೆ ಅತ್ತಿಗೆ ದಿಂಬಿಲ್ಲದೆ ಶಾಲೆಗೆ ಹೋಗಿ ನಿಜ ಹೇಳುತ್ತಾರಂತೆ. ಹೇಳುವಾಗ ಅಕ್ಕ ಅವರ ಕೈ ಹಿಡಿದುಕೊಂಡಳು. ಆಮೇಲೆ ಶಾಲೆಯ ಜೊತೆಯ ಮೇಡಂಗಳನ್ನು ಕರೆತಂದು, "ನನ್ನ ಮಗು ಇವಳ ಹತ್ತಿರ ಇದೆ," ಎಂದು ಅಕ್ಕನನ್ನು ಪರಿಚಯಿಸುತ್ತಾರಂತೆ. ಅಕ್ಕ ಆಗಲೇ ಚಪ್ಪಲಿ ಒರೆಸಿಟ್ಟಿದ್ದಾಳೆ. ಮನಸ್ಸು ಹಗುರಾಗಿದೆ, ಕಣ್ಣು ಎಳೆಯುತ್ತಿದೆ. ಎಲ್ಲರೂ ಸೇರುವುದು ಭಾನುವಾರ ಸಂಜೆ ಐದು ಗಂಟೆಗೆ, ಪಾರ್ಕಿನ ಗೇಟಿನ ಹತ್ತಿರ.