ಎರಡು ಬಕೆಟ್ ಬಿಸಿನೀರು

೧೨ ಫೆಬ್ರವರಿ ೨೦೨೫, ಬುಧವಾರ. ಮುಂಡರಗಿ.

ಬೇಕಂತಲೇ ಅವಳನ್ನು ಬಾಗಿಲಲ್ಲಿ ನಿಲ್ಲಿಸಿದೆ. ಆ ಮುಖ ಇನ್ನೂ ಕಣ್ಣ ಮುಂದಿದೆ.

ಮಾಳಿಗೆಯ ಮೇಲೆ ಸೋಲಾರ್ ಕೂರಿಸಿ ಎರಡೇ ದಿನ. ಇವತ್ತು ಸಂಜೆ ನಳ ತಿರುವಿದರೆ ಕೈ ಸುಡುವಂಥ ನೀರು. ಅಷ್ಟರಲ್ಲಿ ಪಕ್ಕದ ಪಾಲಿನ ಮನೆಯಿಂದ ಭಾವನ ಹೆಂಡತಿ, ನೆಗೆಣ್ಣಿ ಅಮೃತವ್ವ ಬಂದಳು. ಮಗಳು ಶಿವಲಕ್ಷ್ಮಿ ಬಾಣಂತಿ. ಅವರ ಗೀಸರ್ ಸುಟ್ಟಿದೆ.

"ಕಾವೇರಿ, ಎರಡ ಬಕೀಟ ಬಿಸಿನೀರ ಕೊಡವಾ."

ಹನ್ನೆರಡು ವರ್ಷದ ಹಿಂದೆ, ಇನ್ನೂ ಒಂದೇ ಮನೆಯಿದ್ದಾಗ, ನಾನು ಒಂಬತ್ತು ದಿನದ ಬಾಣಂತಿ. ನನಗೆಂದು ಹಂಡೆ ಕಾಯುತ್ತಿತ್ತು. "ಕಟಗಿ ನನ್ನ ತವರಿಂದ ಬಂದಾವು" ಎಂದು ಇದೇ ಅಮೃತವ್ವ ಉರಿಯುವ ಒಲೆಗೆ ನೀರು ಸುರಿದಿದ್ದಳು. ನಾನು ತಣ್ಣೀರಲ್ಲೇ ಮಿಂದೆ.

"ಬಕೀಟಿಗೆ ಹಾಕಿ ಕೊಡೂದಿಲ್ಲ, ಅಕ್ಕಾ. ಮಗಳನ್ನ ಇಲ್ಲೇ ಕಳಸ್ರಿ, ನಾನೇ ಎರೀತೀನಿ. ನೀವು ಹೊರಗ ನಿಂದರ್ರಿ."

ಶಿವಲಕ್ಷ್ಮಿಯ ಬೆನ್ನಿಗೆ ಅರ್ಧ ತಾಸು ಬಿಸಿಬಿಸಿ ನೀರು ಸುರಿದೆ.

"ಮೈ ಹಗೂರ ಆತು, ಚಿಗವ್ವಾ" ಎಂದಳು ಹುಡುಗಿ.

ಹೊಸ್ತಿಲಾಚೆ ಅಮೃತವ್ವ ಮೊಮ್ಮಗುವನ್ನು ಎತ್ತಿಕೊಂಡು ನಿಂತೇ ಇದ್ದಳು. ಕೊನೆಗೆ ಮೆಲ್ಲಗೆ, "ಅವತ್ತ ನಂದು ತಪ್ಪಾತು" ಎಂದಳು.

ಕೇಳಿಸದವಳಂತೆ ನಳ ಪೂರ್ತಿ ತಿರುವಿದೆ. ನಾಳೆಯೂ ಬರಲಿ. ಇನ್ನೊಮ್ಮೆ ಹೇಳಲಿ, ಗಟ್ಟಿಯಾಗಿ.